ಬಿಟ್ಟರೆ ಆರುವ ದೀಪ

ಕುತ್ತಿಗೆ ಹಿಸುಕುವುದನ್ನು ಕಲಿಸುವಾಗ ನಾನು ಸಾಯುವವರಿಂದ ಶುರು ಮಾಡುತ್ತೇನೆ, ಕೊಲ್ಲುವವರಿಂದಲ್ಲ. ಕೊಲ್ಲುವವನ ಅಂಗೈ ಎದುರಿನವರ ಕೊರಳ ಕೆಳಗಿನ ಅಡ್ಡ ಮೂಳೆಯ ಮೇಲೆ ಚಪ್ಪಟೆಯಾಗಿ ಕೂರಬೇಕು. ಹೆಬ್ಬೆರಳು ಗಂಟಲಿನ ಹತ್ತಿರ ಸುಳಿಯಬಾರದು. ಸಾಯುವವರು ಅವನ ಎರಡೂ ಮಣಿಕಟ್ಟು ಹಿಡಿದು ತಮ್ಮ ಕಡೆಗೆ ಎಳೆದುಕೊಳ್ಳಬೇಕು, ಅವನು ಕೈಗಳನ್ನು ಹಿಂದಕ್ಕೆ ಎಳೆಯಬೇಕು. ಎರಡು ಎಳೆತಗಳ ನಡುವೆ ತೋಳುಗಳು ನಡುಗುತ್ತವೆ, ನರ ಉಬ್ಬುತ್ತವೆ. ನೋಡುವವರಿಗೆ ಆಕೆ ಬಿಡಿಸಿಕೊಳ್ಳಲು ಒದ್ದಾಡುತ್ತಿರುವಂತೆ ಕಾಣುತ್ತದೆ. ನಿಜವಾಗಿ ಆ ಕೈಗಳನ್ನು ಅಲ್ಲಿ ಹಿಡಿದಿಟ್ಟುಕೊಂಡಿರುವವಳು ಆಕೆಯೇ.

ಇಷ್ಟನ್ನು ಖಚಿತವಾಗಿ ಬರೆಯಬಲ್ಲೆ. ಮುಂದಿನದರ ಬಗ್ಗೆ ನನಗೆ ಅಷ್ಟು ಖಾತ್ರಿಯಿಲ್ಲ. ಆವತ್ತು ನಾನು ಕಂಡದ್ದೂ, ಆಮೇಲೆ ಬೇರೆಯವರು ಹೇಳಿದ್ದನ್ನು ಕೇಳಿ ನಾನೇ ಕಂಡೆ ಅಂದುಕೊಂಡದ್ದೂ ಬೆರೆತುಹೋಗಿವೆ. ಬೇರೆ ಮಾಡಲಾಗದ ಕಡೆ ಹಾಗೆಂದೇ ಹೇಳುತ್ತೇನೆ.

ಹೈದರಾಬಾದಿನ ಒಂದು ಕನ್ನಡ ಹವ್ಯಾಸಿ ತಂಡ ಹೊಸ ನಾಟಕ ಎತ್ತಿಕೊಂಡಿತ್ತು. ಹೊಡೆದಾಟಗಳನ್ನು ಜೋಡಿಸಿಕೊಡಲು ನನ್ನನ್ನು ಕರೆದರು. ಮೈಸೂರಿನ ವಿಶ್ವವಿದ್ಯಾಲಯದಲ್ಲಿ ರಂಗಭೂಮಿ ಓದಿ ನಾನು ಕಡೆಗೆ ಹಿಡಿದ ಕಸುಬು ಅದು. ನಾಟಕದ ಕಥೆ ಒಂದೇ ಕೋಣೆಯದು. ಕಾರ್ಖಾನೆಯಲ್ಲಿ ದುಡಿಯುವ ಗಂಡ ದಿನವೂ ಹೆಂಡತಿಯನ್ನು ಬಡಿಯುತ್ತಾನೆ, ಗೋಡೆಯಾಚೆಯವರು ಕೇಳಿಸಿಕೊಂಡು ಸುಮ್ಮನಿರುತ್ತಾರೆ, ಕೊನೆಗೊಂದು ಸಂಜೆ ಅವನು ಅವಳ ಕತ್ತು ಹಿಸುಕುತ್ತಾನೆ. ಮೊದಲ ಅಂಕದಲ್ಲಿ ಕೆನ್ನೆಗೆ ಏಟು, ಎರಡನೆಯದರಲ್ಲಿ ಕೂದಲು ಹಿಡಿದು ಎಳೆದಾಡಿ ಹೊಟ್ಟೆಗೆ ಒದೆತ, ಮೂರನೆಯದರಲ್ಲಿ ಕೊಲೆ.

ತಾಲೀಮು ನಡೆಯುತ್ತಿದ್ದದ್ದು ಸನತ್‌ನಗರದ ಒಂದು ರಟ್ಟಿನ ಡಬ್ಬಿ ಮಾಡುವ ಶೆಡ್ಡಿನಲ್ಲಿ. ಬಿದ್ದರೆ ನೋವಾಗದಿರಲೆಂದು ಸಿಮೆಂಟ್ ನೆಲದ ಮೇಲೆ ದಪ್ಪ ರಟ್ಟು ಹಾಸುತ್ತಿದ್ದೆವು. ನಿರ್ದೇಶಕರು ರೈಲ್ವೆಯಿಂದ ನಿವೃತ್ತರಾದವರು, ತಂಡಕ್ಕೆಲ್ಲ ಕಾಕಾ. ಗಂಡನ ಪಾತ್ರ ಜೀಡಿಮೆಟ್ಲಾದ ರಾಸಾಯನಿಕ ಕಾರ್ಖಾನೆಯಲ್ಲಿ ಪಾಳಿ ನೋಡಿಕೊಳ್ಳುವ ಮೇಲ್ವಿಚಾರಕರದ್ದು. ಎಮ್ಮೆಯಂಥ ಭುಜ, ಮಾತು ಮಾತ್ರ ಮೆತ್ತಗೆ. ಹೆಂಡತಿಯ ಪಾತ್ರದವರು ಕಲಬುರಗಿ ಕಡೆಯವರು, ಕೋಠಿಯ ಸಗಟು ಔಷಧಿ ಅಂಗಡಿಯ ಕೌಂಟರಿನಲ್ಲಿ ಕೆಲಸ. ಅದು ಅವರ ಮೊದಲ ಪಾತ್ರ. ಮನೆಯಲ್ಲಿ ಅತ್ತೆಯನ್ನು ಹೇಗೋ ಒಪ್ಪಿಸಿ ಬಂದಿದ್ದರು. ಒಂದು ನೆಪ ಸಿಕ್ಕರೆ ಆ ಬಾಗಿಲು ಮುಚ್ಚುತ್ತದೆ ಎಂಬುದು ಎಲ್ಲರಿಗೂ ಗೊತ್ತಿತ್ತು.

ಮೊದಲ ವಾರ ಬರೀ ಕೆನ್ನೆಯ ಏಟು. ಅವನ ಕೈ ಅವಳ ಮುಖದಿಂದ ಒಂದು ಗೇಣು ದೂರದಲ್ಲಿ ಹಾದುಹೋಗುತ್ತದೆ. ಸದ್ದು ಮಾಡುವವಳು ಅವಳು. ಪ್ರೇಕ್ಷಕರಿಗೆ ಬೆನ್ನು ಕೊಟ್ಟು, ಎದೆಯ ಹತ್ತಿರ ಚಪ್ಪಾಳೆ ತಟ್ಟಿ, ಅದೇ ಕ್ಷಣಕ್ಕೆ ತಲೆ ಹೊರಳಿಸಬೇಕು.

"ಹೊಡ್ಯಾವ ಅಂವಾ, ಸದ್ದ ನಂದು, ಬೀಳೂದೂ ನಾನ, ಅಳೂದೂ ನಾನ. ಹಂಗಾದ್ರ ಅಂವಾ ಮಾಡೂದೇನ್ರಿ?" ಎಂದು ಆಕೆ ಕೇಳಿದರು.

"ಸಿಟ್ಟಾಗೂದವ್ವಾ. ಅದ ನನಗ ಬರವಲ್ದು," ಎಂದರು ಮೇಲ್ವಿಚಾರಕರು.

ಕೂದಲೆಳೆತವೂ ಹಾಗೆಯೇ. ಅವನು ಮುಷ್ಟಿಯನ್ನು ಆಕೆಯ ತಲೆಯ ಮೇಲೆ ಇಡುತ್ತಾನಷ್ಟೆ, ಹಿಡಿಯುವುದಿಲ್ಲ. ಆಕೆ ಎರಡೂ ಕೈಯಿಂದ ಆ ಮುಷ್ಟಿಯನ್ನು ತಲೆಗೆ ಒತ್ತಿಕೊಂಡು, ತನ್ನ ಕಾಲಿನ ಬಲದಲ್ಲೇ ನೆಲದ ಮೇಲೆ ಜಾರುತ್ತಾ ಹೋಗಬೇಕು. ಬಾಯಿಯ ರಕ್ತಕ್ಕೆ ಜೇನುತುಪ್ಪ, ಅಡಿಗೆಯ ಕೆಂಪು ಬಣ್ಣ, ಚೂರು ಕೋಕೋ ಪುಡಿ ಬೆರೆಸಿ, ಕಚ್ಚಿದರೆ ಒಡೆಯುವಂತೆ ತೆಳು ಪ್ಲಾಸ್ಟಿಕ್ಕಿನಲ್ಲಿ ಕಟ್ಟಿದೆ. ಕೋಕೋ ಹಾಕದಿದ್ದರೆ ದೀಪದಲ್ಲಿ ಅದು ಶರಬತ್ತಿನಂತೆ ಹೊಳೆಯುತ್ತದೆ.

ನಾನು ಒಂದು ಕಡೆ ಕೂರುವವನಲ್ಲ. ಒಂದು ಕೋನದಿಂದ ಸುಳ್ಳು ಗೊತ್ತಾಗದಿದ್ದರೂ ಇನ್ನೊಂದರಿಂದ ಗೊತ್ತಾಗುತ್ತದೆ. ಹಾಗಾಗಿ ಶೆಡ್ಡಿನ ತುಂಬ ಓಡಾಡುತ್ತಲೇ ನೋಡುತ್ತಿದ್ದೆ. ಒಂದು ಸಂಜೆ ಡಬ್ಬಿ ಮಡಿಸುವ ಹೆಂಗಸರನ್ನು ಎದುರಿಗೆ ಕೂರಿಸಿ ಕೆನ್ನೆಯ ಏಟನ್ನು ಆಡಿ ತೋರಿಸಿದೆವು. ಒಬ್ಬಾಕೆ ಕಣ್ಣೊರೆಸಿಕೊಂಡು, "ಅಯ್ಯೋ ಪಾಪಂ, ಚೆಂಪ ಎರ್ರಗಾ ಅಯಿಪೋಯಿಂದಿ," ಎಂದರು. ಕೆನ್ನೆ ಕೆಂಪಾಗಿಹೋಯಿತಂತೆ. ಬೆರಳ ಗುರುತು ಕಂಡೆ ಎಂದು ಇನ್ನೊಬ್ಬರು ಸಾಧಿಸಿದರು. ಕೆನ್ನೆಯನ್ನು ಯಾರೂ ಮುಟ್ಟಿರಲಿಲ್ಲ. ಕಣ್ಣಾರೆ ಕಂಡೆ ಎನ್ನುವವರನ್ನು ನಾನು ಓದುವ ದಿನಗಳಿಂದಲೂ ನಂಬಿದವನಲ್ಲ, ಆವತ್ತು ಬೀಗಿದೆ. ನಂಬಬಾರದ ಆ ಕಣ್ಣುಗಳಲ್ಲಿ ನನ್ನವೂ ಸೇರುತ್ತವೆಂದು ಹೊಳೆಯಲಿಲ್ಲ.

ಕತ್ತು ಹಿಸುಕುವುದಕ್ಕೆ ಒಂದು ಸಂಕೇತ ಬೇಕು. ಉಸಿರು ಕಟ್ಟಿದರೆ ಕೂಗಲು ಆಗುವುದಿಲ್ಲ. "ಏನಾದರೂ ಹೆಚ್ಚುಕಡಿಮೆ ಅನ್ನಿಸಿದರೆ ಅವರ ತೋಳಿನ ಮೇಲೆ ಅಂಗೈಯಿಂದ ತಟ್ಟಿ. ಅವರು ತಕ್ಷಣ ಬಿಡಬೇಕು," ಎಂದು ಹೇಳಿಕೊಟ್ಟೆ. ಅಭ್ಯಾಸವಾಗಲೆಂದು ಪ್ರತಿ ಸಲವೂ ಕೊನೆಯಲ್ಲಿ ತಟ್ಟಿಸಿದೆ.

ತಪ್ಪು ನುಸುಳಿದ್ದು ಅಲ್ಲಿ. ಆ ತಟ್ಟುವಿಕೆ ನೋಡಲು ಚೆನ್ನಾಗಿತ್ತು. ಸಾಯುವ ಹೆಂಗಸು ಸೋತ ಕೈಯಿಂದ ಗಂಡನ ತೋಳು ಬಡಿಯುವುದು ಕರುಳು ಹಿಂಡುವಂತಿತ್ತು.

"ತಂಗೀ, ಆ ಬಡಿಯೂದು ಭಾಳ ಚಂದ ಬರಾಕತ್ತೈತಿ. ಇನ್ನೊಂಚೂರು ಜೋರ ಬಡಿ, ಹಿಂದಿನ ಸಾಲಿಗೂ ಕಾಣ್ಲಿ," ಎಂದರು ಕಾಕಾ. ಮೇಲ್ವಿಚಾರಕರಿಗೂ ಸೂಚನೆ ಸಿಕ್ಕಿತು: "ಆಕಿ ಬಡಿದಾಗ ನೀ ಸಡ್ಲ ಬಿಡಬ್ಯಾಡ. ಮುಖ ಮ್ಯಾಲೆತ್ತು. ನಿನ್ನ ಮಾರಿ ಕಾಣಬೇಕು ಜನಕ್ಕ."

ಆಗ ನಾನು ಏನು ಹೇಳಿದೆ? ಹೊಸ ಸಂಕೇತ ಹುಡುಕೋಣ ಎಂದೆನೆಂದು ನನ್ನ ನೆನಪು. "ನೀವ ಹೂಂ ಅಂದ್ರಿ. ಅಂದು ಚಾ ಕುಡ್ಯಾಕ ಹೋದ್ರಿ," ಎನ್ನುತ್ತಾರೆ ಕಾಕಾ. ಎರಡೂ ನಡೆದಿರಬಹುದು. ಹೊಸ ಸಂಕೇತವಂತೂ ಹುಟ್ಟಲಿಲ್ಲ.

ನಾಟಕವನ್ನು ಒಮ್ಮೆ ಪೂರ್ತಿಯಾಗಿ ಜನರ ಎದುರಿಗೆ ಆಡಿ ನೋಡೋಣವೆಂದು ಒಂದು ಭಾನುವಾರ ಪರಿಚಯದ ಕನ್ನಡ ಕುಟುಂಬಗಳನ್ನು ಶೆಡ್ಡಿಗೆ ಕರೆದೆವು. ಮನೆಯಂತೆ ಕಾಣಲೆಂದು ಯಾರೋ ರಟ್ಟಿನ ಮೇಲೆ ಹೊಸ ಪ್ಲಾಸ್ಟಿಕ್ ಚಾಪೆ ಹಾಸಿದರು. ಮೂರನೆಯ ಅಂಕದಲ್ಲಿ ಆಕೆ ಹಿಂದಕ್ಕೆ ಬಿದ್ದರು, ಮೇಲ್ವಿಚಾರಕರು ಮೊಣಕಾಲೂರಿ ಎರಡೂ ಕೈ ಚಾಚಿದರು, ಕಾಕಾ ಹೇಳಿದಂತೆ ಮುಖ ಎತ್ತಿ ಪ್ರೇಕ್ಷಕರತ್ತ ಹಲ್ಲು ಕಚ್ಚಿದರು. ರಟ್ಟಿನ ಮೇಲಿನ ಚಾಪೆ ಜಾರಿತು. ಜಾರಿದ ಮೊಣಕಾಲು ಹೊರಬೇಕಿದ್ದ ಭಾರವೆಲ್ಲ ಕೈಗಿಳಿಯಿತು. ಅಂಗೈ ಮೂಳೆಯಿಂದ ಸರಿದು ಹೆಬ್ಬೆರಳು ಗಂಟಲಿಗೆ ಬಂತು.

ಚಾಪೆ ಜಾರಿದ್ದನ್ನು ನಾನು ನೋಡಲಿಲ್ಲ, ಆಮೇಲೆ ಲೆಕ್ಕ ಹಾಕಿದ್ದು. ನೋಡಿದ್ದು ಇಷ್ಟು: ಆಕೆಯ ಕೈಗಳು ಅವನ ಮಣಿಕಟ್ಟು ಬಿಟ್ಟು ತೋಳಿನ ಮೇಲೆ ಪಟಪಟ ಬಡಿದವು, ಕಾಲು ನೆಲಕ್ಕೆ ಅಪ್ಪಳಿಸಿತು, ಮುಖ ಕಪ್ಪಿಟ್ಟಿತು. ಅಭಿನಯ ಇಂದು ಏರಿದೆ ಅಂದುಕೊಂಡೆ. ಯಾರೋ ಗಟ್ಟಿಯಾಗಿ "ಭೇಷ್!" ಎಂದರು. ಅದು ಕಾಕಾ ಎಂದು ನನ್ನ ನೆನಪು, ನಾನೆಂದು ಕಾಕಾರ ನೆನಪು.

ದೀಪ ಆರಿತು, ಚಪ್ಪಾಳೆ ಬಿತ್ತು, ದೀಪ ಹತ್ತಿತು. ಮೇಲ್ವಿಚಾರಕರು ಕೈಮುಗಿದು ನಗುತ್ತಾ ನಿಂತಿದ್ದರು. ಅವರ ಕಾಲ ಬುಡದಲ್ಲಿ ಆಕೆ ಮಗ್ಗುಲಾಗಿ ಮುದುಡಿಕೊಂಡು, ಬಾಯಿ ತೆರೆದು, ಗಾಳಿ ಒಳಗೆ ಹೋಗದೆ ಗರಗರ ಸದ್ದು ಮಾಡುತ್ತಿದ್ದರು. ನನ್ನ ಕೋಕೋ ಬೆರೆಸಿದ ರಕ್ತ ಗಲ್ಲದ ಮೇಲೆ ಹರಿಯುತ್ತಿತ್ತು. ಜನ ಇನ್ನೂ ಚಪ್ಪಾಳೆ ತಟ್ಟುತ್ತಿದ್ದರು.

ಹತ್ತಿರದ ಕ್ಲಿನಿಕ್ಕಿಗೆ ಆಟೋದಲ್ಲಿ ಒಯ್ದೆವು. ವೈದ್ಯರು ಗಂಟಲಿನೊಳಗೆ ಬೆಳಕು ಹಾಯಿಸಿ ನೋಡಿ, ಊತ ಇಳಿಯುತ್ತದೆ, ಅಪಾಯವಿಲ್ಲ ಎಂದರು. ಆಮೇಲೆ ಕುತ್ತಿಗೆಯ ಮೇಲಿನ ಎರಡು ನೀಲಿ ಗುರುತುಗಳನ್ನೂ, ಪಕ್ಕದಲ್ಲಿ ನಿಂತಿದ್ದ ನನ್ನನ್ನೂ ನೋಡಿದರು.

"ಎವರು ಚೇಸಾರಮ್ಮಾ?" ಯಾರು ಮಾಡಿದ್ದೆಂದು ಆಕೆಯನ್ನೇ ಕೇಳಿದರು.

ಆಕೆಗೆ ದನಿ ಹೊರಡುತ್ತಿರಲಿಲ್ಲ. "ನಾಟಕಂ ಸಾರ್," ಎಂದು ಪಿಸುಗುಟ್ಟಿದರು.

"ಅಂದರೂ ಏದೋ ಒಕಟಿ ಚೆಪ್ತಾರು," ಎಂದರು ವೈದ್ಯರು. ಎಲ್ಲರೂ ಏನೋ ಒಂದು ಹೇಳುತ್ತಾರೆ. ಮತ್ತೆ ನನ್ನತ್ತ ತಿರುಗಿ, ನನ್ನ ಕೈಗಳನ್ನೇ ನೋಡುತ್ತಾ ಚೀಟಿ ಬರೆದರು. ನಾನೂ ನನ್ನ ಕೈ ನೋಡಿಕೊಂಡೆ. ಅವು ಕೆಂಪಾಗಿದ್ದವು. ಕ್ಷಣ ಹೊತ್ತು, ಅದು ಜೇನುತುಪ್ಪ ಎಂಬುದು ನನಗೂ ನೆನಪಾಗಲಿಲ್ಲ.

ಮುಂದಿನ ಸಲ ಸೇರಿದಾಗ ಆಕೆ ಆ ಸೆಕೆಯಲ್ಲೂ ಕುತ್ತಿಗೆಗೆ ದುಪಟ್ಟಾ ಸುತ್ತಿಕೊಂಡು ಬಂದಿದ್ದರು. ಕೆಮ್ಮು, ಶೀತ ಎಂದು ಅತ್ತೆಗೆ ಹೇಳಿದ್ದರಂತೆ.

"ನಾ ತಟ್ಟೇನಿ. ಖರೇನ ತಟ್ಟೇನಿ," ಎಂದರು.

"ಅಕ್ಕಾರ, ನೀವು ದಿನಾ ತಟ್ಟತೀರಿ. ನನಗ ಹೆಂಗ ಗೊತ್ತಾಗಬೇಕರಿ? ನಾ ಒತ್ತಿಲ್ಲ. ಮಕ್ಕಳ ಆಣಿ, ಒತ್ತಿಲ್ಲ," ಎಂದು ಮೇಲ್ವಿಚಾರಕರು ಅಳುವಂತಾದರು.

ಆ ಭಾನುವಾರದ ಆಟವನ್ನು ಯಾರೋ ಮೊಬೈಲಿನಲ್ಲಿ ಚಿತ್ರೀಕರಿಸಿದ್ದರು. ಎಲ್ಲರೂ ತಲೆ ತೂರಿಸಿ ನೋಡಿದೆವು. ಅದರಲ್ಲಿ ಮೇಲ್ವಿಚಾರಕರ ಅಗಲ ಭುಜವಿತ್ತು, ಎತ್ತಿದ ಮುಖವಿತ್ತು, ಬಡಿಯುವ ಕೈಯಿತ್ತು. ಗಂಟಲು ಇರಲಿಲ್ಲ. ಹೆಬ್ಬೆರಳು ಎಲ್ಲಿದೆ ಎಂಬುದು ಎದುರಿನಿಂದ ಕಾಣದಂತೆ ಅವರನ್ನು ಕೂರಿಸಿದವನು ನಾನು. ನಾನು ತೋರಿಸಬೇಕೆಂದಿದ್ದನ್ನೇ ಆ ಮೊಬೈಲು ತೋರಿಸಿತು. ಮತ್ತೆ ಮತ್ತೆ ನೋಡಿದ್ದರಿಂದ ಆದದ್ದೇನೆಂದರೆ, ಈಗ ಆ ಭಾನುವಾರವನ್ನು ನೆನೆದರೆ ನನಗೆ ಕಾಣುವುದು ಆ ವೀಡಿಯೋ. ನಾನು ನಿಂತಿದ್ದದ್ದು ಬೇರೆ ಮೂಲೆಯಲ್ಲಿ.

"ಪ್ರಯೋಗ ಹತ್ರ ಬಂತು. ತಂಗಿಗೆ ಹಿಂಗ ಆತು. ಬ್ಯಾರೆ ಯಾರನ್ನರ ನೋಡೂಣೇನು?" ಎಂದು ಕಾಕಾ ನೆಲ ನೋಡುತ್ತಾ ಹೇಳಿದರು.

"ಬ್ಯಾರೇದಾಕಿನ್ನ ತಂದ್ರ ಆಕಿ ಕುತ್ತಿಗಿ ಏನ ಕಬ್ಬಿಣದ್ದೇನ್ರಿ ಕಾಕಾ?" ಆಕೆಯ ದನಿ ಇನ್ನೂ ಒಡಕಾಗಿತ್ತು.

ನಾನು ಇನ್ನೊಂದು ದಾರಿ ಸೂಚಿಸಿದೆ. ಕೊಲೆ ಪರದೆಯ ಹಿಂದೆ ನಡೆಯಲಿ, ಪ್ರೇಕ್ಷಕರಿಗೆ ಸದ್ದು ಮಾತ್ರ ಕೇಳಲಿ. ಅಪಾಯವೂ ಇಲ್ಲ, ಪರಿಣಾಮವೂ ಕಡಿಮೆಯಾಗುವುದಿಲ್ಲ ಎಂದೆ.

"ಒಳಗ ಕೊಂದ್ರ ಯಾರ ನೋಡತಾರ? ನಮ್ಮ ಓಣ್ಯಾಗ ಎಲ್ಲಾ ಒಳಗ ಆಗೂದು. ಹೊರಗ ನಿಂತಾವ್ರಿಗೆ ಸದ್ದ ಕೇಳತೈತಿ, ಆಮ್ಯಾಲೆ ಹೋಗಿ ಊಟಾ ಮಾಡತಾರ. ಈ ನಾಟಕದಾಗ ಮಂದಿ ಕುಂತು ನೋಡಬೇಕು. ಅದಕ್ಕ ನಾ ಬಂದೀನಿ ಇಲ್ಲಿಗೆ," ಎಂದು ದುಪಟ್ಟಾ ಸರಿಮಾಡಿಕೊಂಡರು. "ನೀವು ಓದಿದಾವ್ರು. ನಾ ಸಾಯದಂಗ ನನ್ನ ಕೊಲ್ಲೂದು ಹೆಂಗ ಅಂತ ಹೇಳ್ರಿ."

ಒಂದೊಂದೇ ಸಂಕೇತವನ್ನು ತೂಗಿ ನೋಡಿದೆ. ಕಾಲು ನೆಲಕ್ಕೆ ಒದೆಯಿರಿ ಎಂದರೆ ಅದೂ ಅಭಿನಯ. ಒಂದು ಮಾತು ಗೊತ್ತು ಮಾಡಿಕೊಳ್ಳೋಣವೆಂದರೆ ದನಿ ಹೊರಡುವುದಿಲ್ಲ. ಯಾವ ಸಂಕೇತವನ್ನು ಕೊಟ್ಟರೂ ಎದುರಿನವನು ಅದನ್ನು ನೋಡಿ ನಂಬಬೇಕು. ನಂಬದಿರುವುದನ್ನೇ ಅಲ್ಲವೇ ನಾವು ಅಭ್ಯಾಸ ಮಾಡಿಸಿದ್ದು?

ಯೋಚಿಸುತ್ತಾ ಶೆಡ್ಡಿನ ಹೊರಗೆ ಅಡ್ಡಾಡಿದೆ. ಪಕ್ಕದಲ್ಲಿ ತಗಡು ಒತ್ತುವ ಕಾರ್ಖಾನೆ. ಅದರ ದಡ್ ದಡ್ ಸದ್ದಿನ ನಡುವೆಯೇ ನಮ್ಮ ತಾಲೀಮು ನಡೆಯುತ್ತಿದ್ದದ್ದು, ತೆರೆದ ಬಾಗಿಲ ಮುಂದೆ ದಿನವೂ ಹಾದುಹೋಗಿದ್ದೆ. ಆವತ್ತು ನಿಂತು ನೋಡಿದೆ. ಯಂತ್ರದ ಮುಂದೆ ಎರಡು ಹಸಿರು ಗುಂಡಿಗಳು. ಕೆಲಸಗಾರ ಎರಡನ್ನೂ ಒತ್ತಿ ಹಿಡಿದಿರುವವರೆಗೆ ಮಾತ್ರ ತಗಡು ಒತ್ತುವ ಅಚ್ಚು ಇಳಿಯುತ್ತದೆ. ಒಂದು ಅಂಗೈ ಎದ್ದರೂ ನಡುವೆಯೇ ನಿಲ್ಲುತ್ತದೆ. ಆ ಯಂತ್ರ ಅವನ ಮುಖ ನೋಡುವುದಿಲ್ಲ, ಅವನ ಕೂಗು ಕೇಳಿ ನಿಜವೋ ಸುಳ್ಳೋ ಎಂದು ತೂಗುವುದಿಲ್ಲ.

ಒಳಗೆ ಬಂದು ಹೇಳಿದೆ: "ತಟ್ಟುವುದು ಬೇಡ. ಇವರು ಏನೂ ಮಾಡಬೇಕಾಗಿಲ್ಲ. ಮಾಡುತ್ತಿರುವುದನ್ನು ಬಿಟ್ಟರೆ ಸಾಕು."

ಕೊಲೆ ಶುರುವಾಗುವಾಗ ರಂಗದ ದೀಪಗಳೆಲ್ಲ ಆರಿ, ಮಂಚದ ಮೇಲೆ ತೂಗುವ ಒಂದೇ ಬಲ್ಬು ಉಳಿಯಬೇಕು. ಆ ಬಲ್ಬಿನ ಒತ್ತುಗುಂಡಿ, ಆಕೆ ನೆಲಕ್ಕೆ ಬೀಳುವ ಜಾಗದ ಪಕ್ಕದಲ್ಲೇ, ಮಂಚದ ಕಾಲಿನ ಒಳಮೈಯಲ್ಲಿ. ಆಕೆ ಒಂದು ಕೈಯಿಂದ ಅವನ ಮಣಿಕಟ್ಟು ಹಿಡಿದಿರುತ್ತಾರೆ, ಇನ್ನೊಂದು ಕೈ ಸಾವಿನ ಸಂಕಟದಲ್ಲಿ ಮಂಚದ ಕಾಲನ್ನು ಬಿಗಿಯಾಗಿ ಹಿಡಿದಿರುತ್ತದೆ. ಒತ್ತಿರುವವರೆಗೆ ಬೆಳಕು. ಬೇಕೆಂದೇ ಬಿಡಲಿ, ಎಚ್ಚರ ತಪ್ಪಿ ಕೈ ಸಡಿಲವಾಗಲಿ, ಕತ್ತಲು. ಪಾತ್ರ ಸಾಯುವ ಗಳಿಗೆಗೂ ಅದೇ ಕತ್ತಲು. ಕತ್ತಲಾದೊಡನೆ ಮೇಲ್ವಿಚಾರಕರು ಎರಡೂ ಕೈ ಎತ್ತಿ "ಬಿಟ್ಟೆ" ಎಂದು ಬಾಯಿಬಿಟ್ಟು ಹೇಳಬೇಕು. ಅವರಿಗೂ ಕೊರಳಿಗೆ ಒಂದೇ ಕೈ. ಇನ್ನೊಂದು ನೆಲಕ್ಕೂರಿ ಮೈಭಾರವನ್ನೆಲ್ಲ ಹೊರಬೇಕು. ಕಣ್ಣು ಆಕೆಯ ಕಣ್ಣಲ್ಲೇ ಇರಬೇಕು.

"ಒಂದ ಕೈಲೆ ಕೊಲ್ಲತಾನ? ಮಾರಿನೂ ಕಾಣೂದಿಲ್ಲ?" ಎಂದರು ಕಾಕಾ.

"ಕಾಣುವುದಿಲ್ಲ. ಕಾಣಬೇಕೆಂದರೆ ನಾನು ಈ ಕೆಲಸ ಮಾಡುವುದಿಲ್ಲ."

"ಮೈಸೂರು ಸಾಹೇಬ್ರಿಗೆ ಸಿಟ್ಟೂ ಬರತೈತಿ," ಎಂದು ಕಾಕಾ ಎದ್ದು ಹೋದರು. ಅದೇ ಒಪ್ಪಿಗೆ.

ಕೆಲಸ ಸಲೀಸಾಗಿ ಆಗಲಿಲ್ಲ. ಗುಂಡಿಗೆ ಕಡಿಮೆ ಕರೆಂಟಿನ ಬ್ಯಾಟರಿ ತಂತಿ, ಆ ತಂತಿಯ ಸೂಚನೆಗೆ ಬಲ್ಬನ್ನು ಹತ್ತಿಸಿ ಆರಿಸಲು ನಡುವೆ ಒಂದು ರಿಲೇ. ಮೊದಲು ಹಾಕಿದ ಕಾಲಿಂಗ್ ಬೆಲ್ಲಿನ ಗುಂಡಿ ಬೆವರಿದ ಬೆರಳಿಗೆ ಜಾರಿ, ಬಲ್ಬು ಮಿಣುಕಿ ಮಿಣುಕಿ ಕೊಲೆ ಮದುವೆ ಮಂಟಪದಂತಾಯಿತು. ಅಗಲದ ಗುಂಡಿ ತಂದು, ಮೇಲೆ ರಬ್ಬರ್ ಸುತ್ತಿದೆ. ಆಮೇಲೆ ಮೇಲ್ವಿಚಾರಕರ ಕೈ ಹೆದರಿಕೊಂಡಿತು. ಬೆರಳ ತುದಿಯಲ್ಲಿ ಆಕೆಯ ಕೊರಳು ಮುಟ್ಟಿ ಮುಟ್ಟಿ ತೆಗೆಯುತ್ತಿದ್ದರು.

"ಏನ್ಲೇ, ಆಕಿ ತಾಳಿ ಪಾಲಿಶ್ ಮಾಡಾಕತ್ತೀಯೇನು?" ಎಂದು ಕಾಕಾ ದೂರದಿಂದ ಕೂಗಿದರು.

ಆಕೆ ಎದ್ದು ಕೂತರು. "ಅಣ್ಣಾರ, ಇಲ್ಲಿ ನೋಡ್ರಿ. ನಾ ಬಿಟ್ಟೆ." ಬಲ್ಬು ಆರಿತು. "ಹಿಡದೆ." ಹತ್ತಿತು. "ಬಿಟ್ಟೆ. ಹಿಡದೆ. ನಿಮ್ಮ ಕೈಯಾಗ ಏನೂ ಇಲ್ಲ. ಕೊಲ್ರಿ ಸುಮ್ಕ."

ಪ್ರಯೋಗದ ಸಂಜೆ ಸಭಾಂಗಣ ತುಂಬಿತ್ತು. ಹಿಂದಿನ ಸಾಲಿನಲ್ಲಿ ಆಕೆಯ ಅತ್ತೆಯೂ ಕೂತಿದ್ದರು. ಮೊದಲ ಏಟಿಗೆ ಸಭೆ ಬೆಚ್ಚಿತು. ಎರಡನೆಯ ಅಂಕದ ಒದೆತಕ್ಕೆ ಒಬ್ಬರು ಎದ್ದು ಹೊರಗೆ ಹೋದರು. ನಾನು ಪಕ್ಕದ ಪರದೆಯ ಹಿಂದೆ ಮಂಚಕ್ಕೆ ಹತ್ತಿರವಿದ್ದ ಜಾಗದಲ್ಲಿ ನಿಂತೆ. ಜೀವನದಲ್ಲಿ ಮೊದಲ ಸಲ ಅಲುಗಾಡದೆ.

ಆಕೆ ಬಿದ್ದರು. ಕೈ ಮಂಚದ ಕಾಲಿಗೆ ಹೋಯಿತು. ರಂಗದ ದೀಪಗಳು ಆರಿ ಒಂದೇ ಬಲ್ಬು ಉಳಿಯಿತು. ಮೇಲ್ವಿಚಾರಕರ ಕೈ ಕೊರಳಿಗೆ ಇಳಿಯಿತು. ತೋಳಿನ ನಡುಕ ಆಗಷ್ಟೇ ಶುರುವಾಗಿತ್ತು, ಬಲ್ಬು ಆರಿಬಿಟ್ಟಿತು.

ತಾಲೀಮಿನಲ್ಲಿ ಅದು ಅಷ್ಟು ಬೇಗ ಆರಿದ್ದೇ ಇಲ್ಲ. ಕತ್ತಲಲ್ಲಿ ರಂಗದ ಮೇಲೆ ಓಡಿದೆ, ಮೊಣಕಾಲು ಯಾವುದಕ್ಕೋ ತಾಗಿತು. "ಬಿಟ್ಟೆ, ಬಿಟ್ಟೆ, ಬಿಟ್ಟೇನ್ರಿ," ಎಂದು ಮೇಲ್ವಿಚಾರಕರು ಹೇಳುತ್ತಲೇ ಇದ್ದರು. ನೆಲದಿಂದ ಆಕೆಯ ಪಿಸುಮಾತು ಬಂತು, ಸ್ಪಷ್ಟವಾಗಿ, ಸ್ವಲ್ಪ ಗದರುವಂತೆ: "ಒಳಗ ಹೋಗ್ರಿ ಸರ. ಏನೂ ಆಗಿಲ್ಲ."

ನಾನು ಹಿಂದೆ ಸರಿಯುವಷ್ಟರಲ್ಲಿ ಬಲ್ಬು ಹತ್ತಿತು. ಕೊಲೆಗಾರ ಎರಡೂ ಕೈ ಮೇಲೆತ್ತಿ ಮೊಣಕಾಲೂರಿ ಕೂತಿದ್ದ. ಮುಖದಲ್ಲಿ ಅಪ್ಪಟ ಭಯ. ಹೆಂಡತಿ ಕೆಳಗಿನಿಂದ ಅವನನ್ನೇ ದಿಟ್ಟಿಸುತ್ತಿದ್ದಳು. ಆಮೇಲೆ ಆಕೆ ಅವನ ಬಲ ಮಣಿಕಟ್ಟು ಹಿಡಿದು, ನಿಧಾನಕ್ಕೆ ಎಳೆದು, ತನ್ನ ಕೊರಳ ಮೇಲೆ ಇಟ್ಟುಕೊಂಡಳು. ಈ ಸಲ ಬಹಳ ಹೊತ್ತು ಆಯಿತು. ಒದ್ದಾಟ, ಬಾಯಿಯ ರಕ್ತ, ನೆಲಕ್ಕೆ ಅಪ್ಪಳಿಸುವ ಹಿಮ್ಮಡಿ, ನೋಡಲಾಗದಷ್ಟು ಹೊತ್ತು. ಯಾರೋ ಹೆಂಗಸು "ಬಿಡೋ ಆಕೀನ್ನ!" ಎಂದು ಚೀರಿದರು. ಆ ಚೀರಿನ ಹಿಂದೆಯೇ ಕತ್ತಲಾಯಿತು.

ಹಾಗೆಂದು ನನ್ನ ನೆನಪು. ಎರಡನೆಯ ಸಲ ತಾನೇ ಕೈ ಇಟ್ಟೆ, ಆಕೆ ಎಳೆಯಲಿಲ್ಲ ಎನ್ನುತ್ತಾರೆ ಮೇಲ್ವಿಚಾರಕರು. ಚೀರಿದವರು ಅತ್ತೆಯೆಂದು ಕೆಲವರು, ಅತ್ತೆ ಬಾಯಿಗೆ ಸೆರಗು ಹಿಡಿದು ಕೂತಿದ್ದರೆಂದು ಇನ್ನು ಕೆಲವರು. ಆ ನಡುವಿನ ಕತ್ತಲು ತಮ್ಮದೇ ಯೋಚನೆ ಎಂದು ಕಾಕಾ ಇಂದಿಗೂ ಹೇಳುತ್ತಾರೆ, ಹೇಳುತ್ತಾ ಹೇಳುತ್ತಾ ಅವರು ಅದನ್ನು ನಂಬಿಯೂ ಇದ್ದಾರೆ. ವೀಡಿಯೋ ಇದೆಯಂತೆ. ನಾನು ಕೇಳಲಿಲ್ಲ.

ಬಣ್ಣದ ಕೋಣೆಯಲ್ಲಿ ಆಕೆ ಗಲ್ಲದ ರಕ್ತವನ್ನು ಒದ್ದೆ ಬಟ್ಟೆಯಿಂದ ಉಜ್ಜಿಕೊಳ್ಳುತ್ತಿದ್ದರು. ಕುತ್ತಿಗೆಯ ಮೇಲೆ ಒಂದು ಗೆರೆಯೂ ಇರಲಿಲ್ಲ.

"ಮೊದಲನೆಯ ಸಲ ಯಾಕೆ ಬಿಟ್ಟಿರಿ? ನೋವಾಯಿತೇ?" ಎಂದು ಕೇಳಿದೆ.

"ಇಲ್ರಿ. ಮಂದಿ ಮುಂದೂ ಆರತೈತೋ ಇಲ್ಲೋ, ಅಣ್ಣಾರು ಖರೇನ ಕೈ ಬಿಡತಾರೋ ಇಲ್ಲೋ ನೋಡಬೇಕಾಗಿತ್ತು."

"ತಾಲೀಮಿನಲ್ಲಿ ಎಷ್ಟು ಸಲ ನೋಡಿದ್ದೆವು! ನಾನು ಹೇಳಿರಲಿಲ್ಲವೇ?"

ಆಕೆ ಬಟ್ಟೆ ಹಿಂಡಿ ಪಕ್ಕಕ್ಕಿಟ್ಟರು. ಸಿಟ್ಟೇನೂ ಇರಲಿಲ್ಲ ದನಿಯಲ್ಲಿ.

"ಹೇಳಿದ್ರಿ ಸರ. ತಟ್ಟು ಅಂತನೂ ನೀವ ಹೇಳಿದ್ರಿ."